ಎಂಬೋ ಓದುವ ಊರು

ನಮ್ಮೂರಿನ ದಾರಿಯನ್ನು ಯಾವ ನಕಾಶೆಯೂ ತೋರಿಸುವುದಿಲ್ಲ. ರೈಲು ನಿಲ್ಲುವ ಪಟ್ಟಣದಲ್ಲಿ ಇಳಿದು, ಹುಣಸೆಗಾಡಿಗಳ ಜಾಡು ಹಿಡಿದು ಅರ್ಧ ದಿನ ನಡೆದರೆ ಒಂದು ಹಳ್ಳ ಎದುರಾಗುತ್ತದೆ. ಜೋಡುಗೂನಿನ ಕರಿಬೆಟ್ಟವೊಂದನ್ನು ಅದು ಕುದುರೆಲಾಳದ ಹಾಗೆ ಸುತ್ತಿಕೊಂಡು ಹರಿಯುತ್ತದೆ. ಆ ಲಾಳದೊಳಗಿರುವುದೇ ನಮ್ಮೂರು. ಸುದ್ದಿ ಅಚ್ಚಾದ ಕಾಗದ ಆ ಹಳ್ಳ ದಾಟಿತೆಂದರೆ ಬಿಳಿಯಾಗಿಬಿಡುತ್ತದೆ. ಲಗ್ನಪತ್ರಿಕೆಗೆ, ಪಂಚಾಂಗಕ್ಕೆ, ಪುರಾಣದ ಪುಸ್ತಕಕ್ಕೆ ಏನೂ ಆಗುವುದಿಲ್ಲ, ಸುದ್ದಿಗೆ ಮಾತ್ರ. ಪಟ್ಟಣದ ರದ್ದಿ ಅಂಗಡಿಯಿಂದ ಹಳೆಯ ದಿನಪತ್ರಿಕೆಗಳನ್ನು ಗಾಡಿಗಟ್ಟಲೆ ತಂದು ಹಳ್ಳ ದಾಟಿಸಿ, ಶಾಲೆಯ ಮಕ್ಕಳಿಗೆ ಬರೆಯುವ ಹಾಳೆಯೆಂದು ಹಂಚುವುದು ನಮ್ಮಲ್ಲಿ ಹಿಂದಿನಿಂದ ನಡೆದುಬಂದಿದೆ. ರೇಡಿಯೋದಲ್ಲಿ ಚಿತ್ರಗೀತೆ ಚೆನ್ನಾಗಿ ಬರುತ್ತದೆ, ವಾರ್ತೆಯ ಹೊತ್ತಿಗೆ ಕೆಮ್ಮು ಶುರುವಾಗುತ್ತದೆ. ಬಾಯಲ್ಲಿ ಸುದ್ದಿ ಹೊತ್ತು ಬಂದವರು ಈಚೆ ದಡದಲ್ಲಿ ನಿಂತು ತಲೆ ಕೆರೆದುಕೊಳ್ಳುತ್ತಾ, ಏನೋ ಹೇಳಬೇಕಿತ್ತಲ್ಲ ಎನ್ನುತ್ತಾರೆ. ನಾವು ಅವರಿಗೆ ಮಜ್ಜಿಗೆ ಕೊಟ್ಟು ಕೂರಿಸುತ್ತೇವೆ.

ಹಳ್ಳ ದಾಟಿಯೂ ಅಕ್ಷರ ಕಳೆದುಕೊಳ್ಳದ ಸುದ್ದಿಪತ್ರಿಕೆ ಒಂದೇ ಒಂದು. ಅದು ಜಪಾನಿನ ಮಾಸಪತ್ರಿಕೆ. ದೇಶದೇಶಗಳ ರಾಜಕೀಯ, ಸಂಧಾನ, ಜಗಳ, ಚುನಾವಣೆ ಇಷ್ಟೇ ಅದರ ವಿಷಯ. ಅರವತ್ತೆಂಟು ವರ್ಷಗಳ ಹಿಂದೆ ಯಾರೋ ತರಿಸಿದ ಪಿಂಗಾಣಿ ಬಟ್ಟಲಿನ ಸುತ್ತ ಅದರ ನಾಲ್ಕು ಹಾಳೆ ಬಂದಿತ್ತಂತೆ. ಅಕ್ಷರಗಳು ಇದ್ದ ಹಾಗೇ ಇದ್ದವು. ಅಂದಿನ ಶಾಲೆಯ ಅಯ್ಯಂಗಾರ್ ಮೇಷ್ಟ್ರು ನಿಘಂಟೊಂದನ್ನು ತರಿಸಿ, ಹನ್ನೊಂದು ವರ್ಷ ಕೂತು ಆ ನಾಲ್ಕು ಹಾಳೆ ಓದಿದರು. ಅಷ್ಟರಲ್ಲಿ ಪಟ್ಟಣದ ಹುಣಸೆ ವ್ಯಾಪಾರಿಯೊಬ್ಬರ ವಿಳಾಸಕ್ಕೆ ಚಂದಾ ಹೋಗಿ, ತಿಂಗಳು ತಿಂಗಳೂ ಪತ್ರಿಕೆ ಬರತೊಡಗಿತ್ತು. ಮುಖಪುಟದ ಮೂಲೆಯಲ್ಲಿ ಇಂಗ್ಲಿಷ್ ಅಕ್ಷರದಲ್ಲಿ ಅದರ ಹೆಸರಿತ್ತು: ಎಂಬೋ. ದೂರದ ನೋಟ ಎಂದು ಅರ್ಥ. ಹೊರಗಿನವರು ಯಾರಾದರೂ ನೀವು ಓದುವ ಪತ್ರಿಕೆ ಯಾವುದು ಎಂದು ಕೇಳಿ, ನಾವು ಎಂಬೋ ಎಂದರೆ, ಏನು ಎಂಬೋ ಪತ್ರಿಕೆ ಎಂದು ಅವರು ಮತ್ತೆ ಕೇಳುವುದು, ನಾವು ಮತ್ತೆ ಎಂಬೋ ಎನ್ನುವುದು, ಇದು ಸ್ವಲ್ಪ ಹೊತ್ತು ನಡೆಯುತ್ತಿತ್ತು.

ಓದುವುದು ತಿಂಗಳಿಗೊಮ್ಮೆ, ಹುಣಸೆಮಂಡಿಯ ಕಟ್ಟೆಯ ಮೇಲೆ. ನಾನು ಆ ಮಂಡಿಯಲ್ಲಿ ತಕ್ಕಡಿ ಹಿಡಿಯುವವನು. ಮೂವತ್ತು ವರ್ಷ ಪ್ರತಿ ಓದನ್ನೂ ಕೇಳಿದ್ದೇನೆ. ಓದುವವರಿಗೆ ಒಂದೇ ಕಟ್ಟುಪಾಡು: ಪುಟದಲ್ಲಿದ್ದುದನ್ನು ಬಿಡುವ ಹಾಗಿಲ್ಲ, ಇಲ್ಲದ್ದನ್ನು ಸೇರಿಸುವ ಹಾಗಿಲ್ಲ. ಮೊದಲು ಆ ಹಿರಿಯ ಮೇಷ್ಟ್ರು ಓದಿದರು, ಆಮೇಲೆ ಅವರ ಮಗ ಅಳಸಿಂಗ್ರಾಚಾರ್ ಮೇಷ್ಟ್ರು. ಅವರ ಕಣ್ಣು ಹೋದ ಮೇಲೆ ಅವರ ಶಿಷ್ಯೆ ದೇವೀರಮ್ಮ. ಈ ಕಥೆ ದೇವೀರಮ್ಮನದು. ನಾನು ಕಾಣದ ಭಾಗವನ್ನು ಆಕೆಯೇ ನನಗೆ ಹೇಳಿದ್ದಾಳೆ.

ದೇವೀರಮ್ಮ ದರ್ಜಿ. ಕುಪ್ಪಸ, ಲಂಗ, ಶಾಲೆಯ ಮಕ್ಕಳ ಚಡ್ಡಿ ಹೊಲಿಯುತ್ತಿದ್ದಳು. ಗಂಡ ತೀರಿಕೊಂಡಾಗ ಇಪ್ಪತ್ತಾರು ವಯಸ್ಸು. ಮೇಷ್ಟ್ರ ಪಂಚೆಗೆ ತೇಪೆ ಹಾಕಿಕೊಡಲು ಹೋಗಿದ್ದವಳು ಮೇಜಿನ ಮೇಲಿದ್ದ ಪತ್ರಿಕೆ ನೋಡಿ, ಈ ಅಕ್ಷರ ಆ ಪುಟದಲ್ಲೂ ಇದೆಯಲ್ಲ ಎಂದಳಂತೆ. ಮೇಷ್ಟ್ರು ಅವಳನ್ನು ಬಾಗಿಲಲ್ಲೇ ಕೂರಿಸಿ ಪಾಠ ಶುರುಮಾಡಿದರು. ಇಪ್ಪತ್ತು ವರ್ಷ ಕಲಿತಳು. ಹೊಲಿಯುವ ಬಟ್ಟೆಯ ಮೇಲೆ ಗುರುತುಸೀಮೆಸುಣ್ಣದಲ್ಲಿ ಬರೆದು, ಉಜ್ಜಿ, ಮತ್ತೆ ಬರೆದು ಅಭ್ಯಾಸ ಮಾಡಿದಳು. ನಮ್ಮೂರಿನ ಎಷ್ಟೋ ಕುಪ್ಪಸಗಳ ಒಳಮಗ್ಗುಲಲ್ಲಿ ‘ಶಾಂತಿ ಮಾತುಕತೆ’, ‘ಅವಿಶ್ವಾಸ ಗೊತ್ತುವಳಿ’ ಎಂಬರ್ಥದ ಜಪಾನೀ ಅಕ್ಷರಗಳು ಮಸುಕುಮಸುಕಾಗಿ ಉಳಿದಿದ್ದವು.

ಅವಳು ಓದಲು ಕೂತರೆ ಮಂಡಿಯಲ್ಲಿ ಹುಣಸೆ ಕುಟ್ಟುವ ಕೊಡತಿಗಳ ಸದ್ದು ನಿಲ್ಲುತ್ತಿತ್ತು. ಆಕೆ ಪುಟ ನೋಡುತ್ತಾ ಕನ್ನಡದಲ್ಲಿ ಹೇಳುತ್ತಾ ಹೋಗುತ್ತಿದ್ದಳು, ಎಲ್ಲೂ ತಡೆಯುತ್ತಿರಲಿಲ್ಲ. ನಮಗೆ ನಮ್ಮ ಜಿಲ್ಲಾಧಿಕಾರಿಯ ಹೆಸರು ಗೊತ್ತಿರಲಿಲ್ಲ. ದೂರದ ದ್ವೀಪರಾಷ್ಟ್ರಗಳ ಮೀನುಗಾರಿಕೆ ಮಂತ್ರಿಗಳು ಯಾರ್‍ಯಾರು, ಯಾರಿಗೆ ಯಾರು ಆಗುವುದಿಲ್ಲ ಎಂಬುದು ಗೊತ್ತಿತ್ತು. ಅತ್ತೆಸೊಸೆ ಮಾತು ಬಿಟ್ಟರೆ ಬೀದಿಯವರು, ಸಂಧಾನ ಬಿಕ್ಕಟ್ಟಿನಲ್ಲಿದೆ ಎನ್ನುತ್ತಿದ್ದರು. ಬೇಲಿ ಜಗಳ ತೀರಿದರೆ ಮಧ್ಯಂತರ ಒಪ್ಪಂದ. ಇದನ್ನು ನಾವು ತಮಾಷೆಗೆ ಹೇಳುತ್ತಿರಲಿಲ್ಲ. ನಮಗೆ ತಿಳಿದ ಲೋಕದ ಮಾತು ಅದೇ ಆಗಿತ್ತು.

ಆ ವರ್ಷದ ಆಗಸ್ಟ್ ಸಂಚಿಕೆ ಅಕ್ಟೋಬರಿನಲ್ಲಿ ಬಂತು. ಯಾವಾಗಲೂ ಎರಡು ತಿಂಗಳು ತಡ. ದೇವೀರಮ್ಮ ಸಂಚಿಕೆಯನ್ನು ಮೊದಲೇ ಓದಿಕೊಂಡು ಬರುವವಳಲ್ಲ. ಎಲ್ಲರಿಗೂ ಒಟ್ಟಿಗೇ ತಿಳಿಯಬೇಕು ಎನ್ನುವುದು ಅವಳ ನಿಯಮ. ನಲವತ್ತೊಂದನೆಯ ಪುಟಕ್ಕೆ ಬಂದಳು. ಜಪಾನೂ ನಮ್ಮ ದೇಶವೂ ಸೇರಿ ರಾಕೆಟ್ಟು ಹಾರಿಸುವ ಒಪ್ಪಂದ ಮಾಡಿಕೊಂಡ ವಿಷಯ. ದಕ್ಷಿಣದ ಸಮುದ್ರತೀರದಿಂದ ಹಾರಿದ ರಾಕೆಟ್ಟಿನ ಮೊದಲ ತುಂಡು, ಅಂದರೆ ಸುಟ್ಟು ಖಾಲಿಯಾದ ಉಕ್ಕಿನ ಕೊಳವೆ, ಎಲ್ಲಿ ಬೀಳಬೇಕೆಂಬುದನ್ನೂ ತಜ್ಞರು ಗೊತ್ತುಮಾಡಿದ್ದರು. ದೇವೀರಮ್ಮ ಓದುತ್ತಾ ಹೋದಳು: ಒಳನಾಡಿನ ಪ್ರಸ್ಥಭೂಮಿಯಲ್ಲಿ, ಎರಡು ಗೂನಿನ ಕಪ್ಪು ಬೆಟ್ಟವೊಂದನ್ನು ತೊರೆಯೊಂದು ಲಾಳದ ಆಕಾರದಲ್ಲಿ ಸುತ್ತುವ ಪ್ರದೇಶ. ಅಲ್ಲಿಗೆ ನಿಂತಳು. ತಲೆ ಎತ್ತಿ ಬೆಟ್ಟ ನೋಡಿದಳು. ನಾವೂ ನೋಡಿದೆವು. ಆಮೇಲೆ ಅದೇ ದನಿಯಲ್ಲಿ ಮುಂದಿನ ವಾಕ್ಯ ಓದಿದಳು. ಆ ಪ್ರದೇಶದಲ್ಲಿ ನಿವಾಸಿಗಳು ಇರುವುದು ಖಚಿತಪಟ್ಟಿಲ್ಲ. ಮೊದಲ ಉಡಾವಣೆ ಫೆಬ್ರವರಿ ಹತ್ತೊಂಬತ್ತರ ಬೆಳಿಗ್ಗೆ.

ಮಂಡಿಯ ಯಜಮಾನರು ಗುರುಶಾಂತಪ್ಪನವರು, ಯಾರು ನೋಡಿ ಹೇಳಿದ್ದಂತೆ ಎಂದು ಕೇಳಿದರು. ಯಾರು ಎಂದು ಬರೆದಿಲ್ಲ ಎಂದಳು ದೇವೀರಮ್ಮ. ಆ ಭಾಷೆಯಲ್ಲಿ ಮಾಡಿದವರ ಹೆಸರಿಲ್ಲದೆಯೂ ವಾಕ್ಯ ನಿಲ್ಲುತ್ತದೆ. ಖಚಿತಪಟ್ಟಿಲ್ಲ ಎಂದರೆ ಮುಗಿಯಿತು. ಅವಳು ಉಳಿದ ಪುಟಗಳನ್ನೂ ಬಿಡದೆ ಓದಿದಳು, ಕೊನೆಯ ಪುಟದ ಶಾಯಿಯ ಜಾಹೀರಾತಿನವರೆಗೆ. ಅವತ್ತು ಕೇಳಿಸಿಕೊಂಡವರು ಕಡಿಮೆ.

ಮಾರನೆಯ ದಿನ ಊರು ಸೇರಿತು. ಗುರುಶಾಂತಪ್ಪನವರ ಮಾತು ಸರಳವಾಗಿತ್ತು. ಬೆಟ್ಟದ ಬುಡದಲ್ಲಿ ಕಲ್ಲುಗವಿ ಇದೆ, ಆ ಬೆಳಿಗ್ಗೆ ಎಲ್ಲರೂ ಒಳಗೆ ಕೂತರಾಯಿತು. ಇಷ್ಟು ವರ್ಷ ಯಾರಿಗೂ ಗೊತ್ತಿಲ್ಲದೆ ಬದುಕಿದ್ದೇವೆ, ಈಗ ಎದ್ದು ನಿಂತು ನಾವಿದ್ದೇವೆ ಎಂದರೆ ನಾಳೆ ಅಳೆಯುವವರು, ಎಣಿಸುವವರು ಬರುತ್ತಾರೆ. ಸುಮಾರು ಜನ ತಲೆಯಾಡಿಸಿದರು. ದೇವೀರಮ್ಮ ಕೂತಲ್ಲಿಂದಲೇ, ಆ ಒಪ್ಪಂದದಲ್ಲಿ ಆರು ವರ್ಷಕ್ಕೆ ಹದಿನಾಲ್ಕು ಉಡಾವಣೆ ಎಂದಿದೆ, ಹದಿನಾಲ್ಕು ಸಲ ಗವಿಗೆ ಹೋಗಬೇಕಾಗುತ್ತದೆ, ಮನೆಗಳನ್ನು ಹೊತ್ತುಕೊಂಡು ಹೋಗಲಾಗುವುದಿಲ್ಲ ಎಂದಳು. ಹಾಗಾದರೆ ಏನು ಮಾಡೋಣ ಎಂದು ಅವರು ಕೇಳಿದರು.

“ಎಂಬೋಗೆ ಬರೀತೀನಿ” ಎಂದಳು ದೇವೀರಮ್ಮ. “ಅವರು ತಪ್ಪು ಅಚ್ಚುಹಾಕಿದಾರೆ. ತಪ್ಪಾದಾಗ ತಿದ್ದುಪಡಿ ಹಾಕ್ತಾರೆ, ನಾನೇ ಓದಿ ಹೇಳಿದೀನಲ್ಲ ನಿಮಗೆ.”

ಅರವತ್ತೆಂಟು ವರ್ಷಗಳಲ್ಲಿ ನಮ್ಮೂರಿನಿಂದ ಯಾರೂ ಆ ಪತ್ರಿಕೆಗೆ ಒಂದು ಸಾಲೂ ಬರೆದಿರಲಿಲ್ಲ. ಪಟ್ಟಣದ ವಿಳಾಸವೊಂದರ ಆಚೆಗೆ ನಾವಿದ್ದೇವೆಂಬುದೇ ಅವರಿಗೆ ತಿಳಿದಿರಲಿಲ್ಲ. ಎಲ್ಲರೂ ಮೇಷ್ಟ್ರ ಕಡೆ ತಿರುಗಿದರು. ಎಂಬತ್ತನಾಲ್ಕರ ಆ ಮನುಷ್ಯ ಗೋಡೆಗೊರಗಿ ಕೂತಿದ್ದವರು, ಬರೆಯಬೇಡ ಎಂದು ಅಷ್ಟೇ ಹೇಳಿ ಕೋಲು ಹಿಡಿದು ಎದ್ದರು.

ಸಂಜೆ ದೇವೀರಮ್ಮ ಅವರ ಮನೆಗೆ ಹೋದಳು. ಮೇಷ್ಟ್ರಿಗೆ ಊರು ಉಳಿಯುವುದು ಬೇಡವೇ ಎಂದು ಅವಳಿಗೆ ಸಿಟ್ಟು ಬಂದಿತ್ತು. ಅವರು ಇಷ್ಟು ವರ್ಷ ಯಾರಿಗೂ ಹೇಳದ್ದನ್ನು ಹೇಳಿದರು.

“ನೋಡಮ್ಮ ದೇವೀರಿ, ನಮ್ಮಪ್ಪನ ನಿಘಂಟಿನಲ್ಲಿ ಅರ್ಥ ಇತ್ತು, ಉಚ್ಚಾರ ಇರಲಿಲ್ಲ. ಆ ಸಣ್ಣ ಅಕ್ಷರಗಳಿಗೆಲ್ಲ ಧ್ವನಿ ಕೊಟ್ಟೋರು ನಾವೇ. ಅದು ಹೋಗ್ಲಿ. ಅರ್ಥವನ್ನೂ ನಾವೇ ಕೊಟ್ಟುಕೊಂಡಿದ್ರೆ? ಇದುವರೆಗೂ ಒಬ್ಬ ಜಪಾನಿನೋನು ಬಂದು ನೀವು ಓದಿದ್ದು ಸರಿ ಅಂತ ಹೇಳಿಲ್ಲ. ನೀನು ಬರೆದ ಕಾಗದ ಅವರಿಗೆ ಅರ್ಥವಾಗ್ಲಿಲ್ಲ ಅಂದ್ರೆ, ಈ ಊರಿಗೆ ನಾವು ಮೂರು ತಲೆಮಾರು ಹೇಳಿದ ಲೋಕವೇ ಸುಳ್ಳು ಅಂತಾಗುತ್ತೆ.”

ದೇವೀರಮ್ಮನಿಗೂ ಎಷ್ಟೋ ಸಲ ಹೊಲಿಗೆಯ ಮಧ್ಯೆ ಆ ಅನುಮಾನ ಬಂದು ಹೋಗಿತ್ತು. ಆದರೂ, ನಲವತ್ತೊಂದನೆಯ ಪುಟದಲ್ಲಿ ನಾನು ಓದಿದ್ದು ಸುಳ್ಳಾದರೆ ನಮಗೆ ಭಯವಿಲ್ಲ ಮೇಷ್ಟ್ರೇ, ನಿಜವಾದರೆ ಕಾಗದವೂ ಅವರಿಗೆ ಅರ್ಥವಾಗುತ್ತದೆ ಎಂದಳು. ಮೇಷ್ಟ್ರು ನಕ್ಕರೋ ನಿಟ್ಟುಸಿರಿಟ್ಟರೋ ತಿಳಿಯಲಿಲ್ಲ. ಬರೆದರೆ ಯಾರೂ ತಿದ್ದುವ ಹಾಗಿರಬಾರದು, ಕಳಿಸುವ ಮೊದಲು ನನಗೆ ಒಪ್ಪಿಸು ಎಂದರು.

ಬರೆಯಲು ಕೂತಾಗ ಅವಳಿಗೆ ಹೊಸ ಕಷ್ಟ ಎದುರಾಯಿತು. ಅವಳಿಗೆ ಬರುತ್ತಿದ್ದುದು ಎಂಬೋದ ಜಪಾನೀ ಮಾತ್ರ. ತೀವ್ರ ವಿಷಾದ, ಸಾರ್ವಭೌಮತ್ವ, ಪರಸ್ಪರ ಗೌರವ, ಇವೆಲ್ಲ ನಾಲಿಗೆಯ ತುದಿಯಲ್ಲಿದ್ದವು. ಒಲೆಗೆ ಪದವಿರಲಿಲ್ಲ. ಹುಣಸೆಗೆ, ಕೊಡತಿಗೆ, ತೊಟ್ಟಿಲಿಗೆ ಪದವಿರಲಿಲ್ಲ. ಆ ಪತ್ರಿಕೆಯಲ್ಲಿ ಯಾವ ವರ್ಷವೂ ಅವು ಬಂದಿರಲಿಲ್ಲ. ಇಲ್ಲಿ ಜನ ಬದುಕಿದ್ದಾರೆ ಎಂದು ಈ ಪದಗಳಿಲ್ಲದೆ ಹೇಗೆ ಹೇಳುವುದು? ನೀಲಿ ಬಟ್ಟೆಯ ಥಾನು ಹಾಸಿ ಸೀಮೆಸುಣ್ಣದಲ್ಲಿ ಬರೆದು ಉಜ್ಜಿ, ಬರೆದು ಉಜ್ಜಿ, ಮೂರು ದಿನ ಯಾರ ಬಟ್ಟೆಯನ್ನೂ ಹೊಲಿಯಲಿಲ್ಲ. ನಾಲ್ಕನೆಯ ಬೆಳಿಗ್ಗೆ ಅವಳು ಬೆಟ್ಟದ ಅರ್ಧಕ್ಕೆ ಹತ್ತಿ ಊರನ್ನು ನೋಡುತ್ತಾ ಕೂತಿದ್ದನ್ನು ನಾನು ಕಂಡೆ. ಏನೋ ಎಣಿಸುತ್ತಿದ್ದಳು. ಇಳಿದು ಬಂದು ಒಂದೇ ಪಟ್ಟಿಗೆ ಬರೆದು ಮುಗಿಸಿದಳು.

ಆ ಕಾಗದ ಕನ್ನಡದಲ್ಲಿ ಹೀಗಿತ್ತು. ಮಾನ್ಯ ಸಂಪಾದಕರೇ, ತಮ್ಮ ಆಗಸ್ಟ್ ಸಂಚಿಕೆಯ ನಲವತ್ತೊಂದನೆಯ ಪುಟದ ಸಂಬಂಧ ನಾವು ತೀವ್ರ ವಿಷಾದ ವ್ಯಕ್ತಪಡಿಸುತ್ತೇವೆ. ಆ ಬೆಟ್ಟದ ಬಳಿ ನಿವಾಸಿಗಳಿದ್ದಾರೆ. ಅವರು ಅರವತ್ತೆಂಟು ವರ್ಷಗಳಿಂದ ತಮ್ಮ ಓದುಗರು. ಇಲ್ಲಿ ಪ್ರತಿದಿನ ಬೆಳಿಗ್ಗೆ ಇನ್ನೂರ ಹನ್ನೊಂದು ಕಡೆ ಹೊಗೆ ಏಳುತ್ತದೆ. ಅದು ಯುದ್ಧದ ಹೊಗೆಯಲ್ಲ. ಅಲ್ಲಿ ತಾಯಂದಿರು ಇದ್ದಾರೆ. ಬೀಳುವ ವಸ್ತುವಿಗೆ ಬೇರೆ ಸ್ಥಳ ಗೊತ್ತುಮಾಡಬೇಕೆಂದೂ, ತಾವು ತಿದ್ದುಪಡಿ ಪ್ರಕಟಿಸಬೇಕೆಂದೂ ಪ್ರಾರ್ಥಿಸುತ್ತೇವೆ.

ಮೇಷ್ಟ್ರಿಗೆ ಒಪ್ಪಿಸುವುದೆಂದರೆ ಓದಿ ಹೇಳುವುದಲ್ಲ. ಅವರ ಅಂಗೈಯನ್ನು ಬಿಡಿಸಿ ಹಿಡಿದು, ತನ್ನ ತೋರುಬೆರಳಿನಿಂದ ಒಂದೊಂದೇ ಅಕ್ಷರವನ್ನು ಅದರ ಗೀಟುಗಳ ಕ್ರಮದಲ್ಲೇ ಬರೆದಳು. ಎರಡು ದಿನ ಹಿಡಿಯಿತು. ಒಂದು ಕಡೆ ಗೀಟೊಂದು ಹೆಚ್ಚಾಯಿತೆಂದು ಅವರು ಕೈ ಎಳೆದುಕೊಂಡರು. ಅವಳು ನಿಘಂಟು ನೋಡಿದಳು, ಅವರು ಹೇಳಿದ್ದೇ ಸರಿ. ಕೊನೆಯ ಪದಕ್ಕೆ ಬಂದಾಗ ಮತ್ತೆ ತಡೆದರು.

“ಪ್ರಾರ್ಥಿಸುತ್ತೇವೆ ಬೇಡ. ಇಷ್ಟು ವರ್ಷ ಓದಿದೋರು ಪ್ರಾರ್ಥಿಸಲ್ಲ. ಆಗ್ರಹಿಸುತ್ತೇವೆ ಅಂತ ಹಾಕು.”

ದಿನಪತ್ರಿಕೆಯ ಬಿಳಿ ಹಾಳೆಯೊಂದನ್ನು ಆರಿಸಿ ಅವಳು ಚೊಕ್ಕ ಪ್ರತಿ ಮಾಡಿದಳು. ಕೈಬರಹದ ಜಪಾನೀಯನ್ನು ಅವಳು ಕಂಡವಳೇ ಅಲ್ಲ. ಹಾಗಾಗಿ ಪ್ರತಿ ಅಕ್ಷರವನ್ನೂ ಅಚ್ಚಿನಲ್ಲಿದ್ದ ಹಾಗೆ, ಗೀಟಿನ ತುದಿಯ ಸಣ್ಣ ಮುಕ್ಕನ್ನೂ ಬಿಡದೆ ಬರೆದಳು. ದೂರದಿಂದ ನೋಡಿದರೆ ಪತ್ರಿಕೆಯಿಂದ ಕತ್ತರಿಸಿದ ಹಾಳೆಯೆನ್ನಬೇಕು.

ನಮ್ಮೂರಿಗೂ ಪಟ್ಟಣಕ್ಕೂ ಟಪಾಲು ಹೊರುವವಳು ಮಹಬೂಬಿ. ಲಕೋಟೆಯನ್ನು ಅಂಟಿಸದೆ ಅವಳ ಕೈಗಿಟ್ಟು ದೇವೀರಮ್ಮ ಹಳ್ಳದವರೆಗೂ ಜೊತೆಗೆ ನಡೆದಳು. ಈವರೆಗೆ ಒಳಗೆ ಬರುವ ಸುದ್ದಿ ಬಿಳಿಯಾದದ್ದನ್ನು ಕಂಡಿದ್ದೆವು. ಹೊರಗೆ ಹೋಗುವ ಸುದ್ದಿಗೆ ಏನಾಗುತ್ತದೆಂದು ಯಾರಿಗೂ ಗೊತ್ತಿರಲಿಲ್ಲ, ಏಕೆಂದರೆ ನಮ್ಮ ಬಗ್ಗೆ ಯಾರೂ ಸುದ್ದಿ ಬರೆದು ಕಳಿಸಿರಲಿಲ್ಲ. ದೇವೀರಮ್ಮ ಈಚೆ ದಡದಲ್ಲೇ ನಿಂತಳು. ಮಹಬೂಬಿ ಸೀರೆ ಎತ್ತಿಕಟ್ಟಿ ಮೊಣಕಾಲುದ್ದ ನೀರಿನಲ್ಲಿ ದಾಟಿ, ಆಚೆ ದಡದ ಬಂಡೆಯ ಮೇಲೆ ಕೂತು, ಕೈ ಒರೆಸಿಕೊಂಡು ಹಾಳೆ ಬಿಡಿಸಿದಳು. ಬಹಳ ಹೊತ್ತು ನೋಡಿದಳು. ಆಮೇಲೆ ಹಾಳೆಯನ್ನು ಎರಡೂ ಕೈಯಲ್ಲಿ ಮೇಲೆತ್ತಿ ದೇವೀರಮ್ಮನ ಕಡೆ ತಿರುಗಿಸಿ ಹಿಡಿದಳು. ಅಷ್ಟು ದೂರದಿಂದಲೂ ಕಪ್ಪು ಸಾಲುಗಳು ಕಂಡವು.

ನವೆಂಬರ್ ಹೋಯಿತು, ಡಿಸೆಂಬರ್ ಹೋಯಿತು. ಬಂದ ಎರಡು ಸಂಚಿಕೆಗಳು ಕಾಗದ ತಲುಪುವ ಮೊದಲೇ ಅಚ್ಚಾದವು, ಅವುಗಳಲ್ಲಿ ಏನೂ ಇರಲು ಸಾಧ್ಯವಿರಲಿಲ್ಲ. ಆದರೂ ದೇವೀರಮ್ಮ ಓದುವಾಗ ಜನ ಉಸಿರು ಹಿಡಿದು ಕಾಯುತ್ತಿದ್ದರು. ಗುರುಶಾಂತಪ್ಪನವರು ಗವಿಯನ್ನು ಗುಡಿಸಿ, ನೀರಿನ ಕೊಳಗಗಳನ್ನು ಇಡಿಸಿದರು. ಬರೆಯುವುದು ಬೇಡವೆಂದಿದ್ದ ಅವರು ಈಗ ಎದುರಿಗೆ ಸಿಕ್ಕಾಗಲೆಲ್ಲ, ಉತ್ತರ ಬಂತೇನವ್ವ ಎಂದು ಕೇಳುತ್ತಿದ್ದರು.

ಜನವರಿಯ ಕೊನೆಯ ವಾರ, ಹೊತ್ತು ನೆತ್ತಿಗೇರುವಾಗ, ಮಹಬೂಬಿಯ ಹಿಂದೆ ಹಳ್ಳ ದಾಟಿ ಒಬ್ಬ ಹೆಂಗಸು ಬಂದಳು. ಮೂವತ್ತೈದರ ಪ್ರಾಯ, ಕತ್ತರಿಸಿದ ಕೂದಲು, ಬೆನ್ನಿಗೆ ಚೀಲ, ಕತ್ತಿನಲ್ಲಿ ಕ್ಯಾಮೆರಾ, ಕೈಯಲ್ಲಿ ಬೂಟು. ಈಚೆ ದಡದಲ್ಲಿ ನಿಂತು ಚೀಲದಿಂದ ದಿನಪತ್ರಿಕೆಯೊಂದನ್ನು ತೆಗೆದು ನೋಡಿದಳು. ಹಿಂದೆಮುಂದೆ ತಿರುಗಿಸಿದಳು. ನಾವು ಸ್ವಲ್ಪ ನಾಚಿಕೊಂಡೆವು. ಯಾರೋ ಪಾನಕ ತಂದುಕೊಟ್ಟರು. ಪಾನಕ ಕುಡಿದು, ಹಾಳೆಗಳನ್ನು ಮಡಿಚಿ ಒಳಗಿಟ್ಟುಕೊಂಡು, ಚೀಲದ ತಳದಿಂದ ಇನ್ನೊಂದನ್ನು ತೆಗೆದಳು. ಜನವರಿಯ ಎಂಬೋ. ನಾವು ಅಷ್ಟು ಹೊಸ ಸಂಚಿಕೆಯನ್ನು ಯಾವತ್ತೂ ಕಂಡಿರಲಿಲ್ಲ. ಶಾಯಿಯ ವಾಸನೆ ಇನ್ನೂ ಇತ್ತು.

ಅವಳ ಹೆಸರು ಕುರಾಹಾಶಿ, ಎಂಬೋದ ವರದಿಗಾರ್ತಿ ಎಂದು ಆಮೇಲೆ ತಿಳಿಯಿತು. ಮಂಡಿಯ ಕಟ್ಟೆಗೆ ಕರೆದೊಯ್ದೆವು. ಮೇಷ್ಟ್ರನ್ನು ಕೈಹಿಡಿದು ಕರೆತಂದರು. ಅವರು ಒಗೆದ ಪಂಚೆ ಉಟ್ಟು, ರುಮಾಲು ಸುತ್ತಿ ಬಂದಿದ್ದರು. ದನಿ ಬಂದ ದಿಕ್ಕಿಗೆ ತಿರುಗಿ, ಎದೆ ನೆಟ್ಟಗೆ ಮಾಡಿಕೊಂಡು, ಜಪಾನೀ ಭಾಷೆಯಲ್ಲಿ ಒಂದು ಉದ್ದನೆಯ ವಾಕ್ಯ ಹೇಳಿದರು. ಅವರ ಇಡೀ ಆಯುಸ್ಸಿನಲ್ಲಿ ಆ ಭಾಷೆಯವರೊಬ್ಬರಿಗೆ ಹೇಳಿದ ಮೊದಲ ವಾಕ್ಯ. ಕುರಾಹಾಶಿ ಅವರ ಮುಖ ನೋಡಿದಳು, ದೇವೀರಮ್ಮನ ಮುಖ ನೋಡಿದಳು. ಅವಳಿಗೆ ಒಂದು ಪದವೂ ಅರ್ಥವಾಗಿರಲಿಲ್ಲ. ಅವಳು ಮೆಲ್ಲಗೆ ಏನೋ ಕೇಳಿದಳು. ಅದು ದೇವೀರಮ್ಮನಿಗೂ ತಿಳಿಯಲಿಲ್ಲ. ಹಕ್ಕಿಯೊಂದು ಮಾತಾಡಿದ ಹಾಗಿತ್ತು, ತಾನು ಮೂವತ್ತು ವರ್ಷ ಓದಿದ ಭಾಷೆಯ ಒಂದು ಸದ್ದೂ ಅದರಲ್ಲಿರಲಿಲ್ಲ ಎಂದು ಅವಳು ನನಗೆ ಹೇಳಿದ್ದಾಳೆ. ಕಟ್ಟೆಯ ಸುತ್ತ ನಿಂತ ಇಡೀ ಊರು ಇದನ್ನು ನೋಡುತ್ತಿತ್ತು.

ದೇವೀರಮ್ಮ ಸೊಂಟದಿಂದ ಸೀಮೆಸುಣ್ಣದ ಚೂರು ತೆಗೆದು ಮೇಷ್ಟ್ರ ಬೆರಳುಗಳ ನಡುವೆ ಇಟ್ಟಳು. ತಕ್ಕಡಿಯ ಪಕ್ಕ ತೂಕ ಬರೆಯುವ ಕಪ್ಪು ಹಲಗೆಯನ್ನು ನಾನೇ ಎತ್ತಿಕೊಟ್ಟೆ.

“ಬರೀರಿ ಮೇಷ್ಟ್ರೇ” ಎಂದಳು.

ಅವರು ಎಡಗೈಯಿಂದ ಹಲಗೆಯ ಅಂಚು ತಡವಿ, ಬಲಗೈಯಿಂದ ಮೇಲಿನಿಂದ ಕೆಳಕ್ಕೆ ಬರೆದರು. ಸಾಲು ಸೊಟ್ಟಗಾಯಿತು, ಆದರೆ ಒಂದರ ಮೇಲೊಂದು ಅಕ್ಷರ ಬೀಳಲಿಲ್ಲ. ಮುಗಿಸಿ ಕೈ ಮಡಿಲಲ್ಲಿಟ್ಟುಕೊಂಡರು. ಕುರಾಹಾಶಿ ಮುಂದೆ ಬಗ್ಗಿ ಓದಿದಳು. ಅವಳು ಓದುತ್ತಿದ್ದಂತೆ ಅವಳ ಮುಖ ಬದಲಾಗುತ್ತಾ ಹೋದದ್ದನ್ನು ನಾವೆಲ್ಲ ಕಂಡೆವು. ಬೂಟು ಹಾಕಿಕೊಂಡಿರಲಿಲ್ಲ, ಬರಿಗಾಲಲ್ಲೇ ಎದ್ದು ನಿಂತು, ಕಣ್ಣಿಲ್ಲದ ಆ ಮುದುಕರಿಗೆ ಸೊಂಟ ಬಗ್ಗಿಸಿ ವಂದಿಸಿದಳು, ಮತ್ತೆ ವಂದಿಸಿದಳು. ಮೇಷ್ಟ್ರು ಬರೆದದ್ದು ಇಷ್ಟು: ನಮ್ಮ ಉಭಯ ಜನಗಳ ಸ್ನೇಹಸಂಬಂಧ ಮತ್ತಷ್ಟು ವೃದ್ಧಿಯಾಗಲೆಂದು ಹೃತ್ಪೂರ್ವಕವಾಗಿ ಹಾರೈಸುತ್ತೇವೆ. ಅವಳು ವಂದಿಸುತ್ತಿದ್ದಾಳೆ ಎಂದು ದೇವೀರಮ್ಮ ಅವರ ಕಿವಿಯಲ್ಲಿ ಹೇಳಿದಳು. ಕುರಾಹಾಶಿ ಸೀಮೆಸುಣ್ಣ ತೆಗೆದುಕೊಂಡು ಪಕ್ಕದಲ್ಲೇ ಉತ್ತರ ಬರೆದಳು. ದೇವೀರಮ್ಮ ಅದನ್ನು ಮೇಷ್ಟ್ರ ಅಂಗೈ ಮೇಲೆ ಬರೆದಳು. ಅವಳ ಉತ್ತರ ಹೀಗಿತ್ತು: ನಾನು ಪತ್ರಿಕಾಲಯದಲ್ಲಿ ಹನ್ನೆರಡು ವರ್ಷದಿಂದ ಇದ್ದೇನೆ, ಇಷ್ಟು ಚೆಂದದ ವಾಕ್ಯ ನನಗೆ ಬರೆಯಲು ಬಂದಿಲ್ಲ. ಮೇಷ್ಟ್ರು ಆ ಅಂಗೈಯನ್ನು ಮುಚ್ಚಿಕೊಂಡರು, ಊಟದ ಹೊತ್ತಿನವರೆಗೆ ಬಿಡಿಸಲಿಲ್ಲ.

ಆ ಮಧ್ಯಾಹ್ನ ದೇವೀರಮ್ಮ ಜನವರಿಯ ಸಂಚಿಕೆ ಓದಿದಳು. ಅವಳ ಕಾಗದ ಒಂಬತ್ತನೆಯ ಪುಟದಲ್ಲಿ, ಚೌಕಟ್ಟು ಹಾಕಿ ಅಚ್ಚಾಗಿತ್ತು. ತನ್ನ ವಾಕ್ಯಗಳನ್ನು ತಾನೇ ಓದಿ ಹೇಳಿದಳು. ಕೆಳಗೆ ಸಂಪಾದಕರ ಎರಡು ಸಾಲು. ಬಿಡುವ ಹಾಗಿಲ್ಲವಲ್ಲ, ಅದನ್ನೂ ಓದಿದಳು. ಈ ಪತ್ರದ ಒಂದು ಅಕ್ಷರವನ್ನೂ ನಾವು ತಿದ್ದಿಲ್ಲ. ತಿದ್ದುವುದಕ್ಕೆ ಏನೂ ಇರಲಿಲ್ಲ. ಕಟ್ಟೆಯ ಮೂಲೆಯಿಂದ ಗುರುಶಾಂತಪ್ಪನವರು ಆ ಎರಡು ಸಾಲನ್ನು ಇನ್ನೊಮ್ಮೆ ಓದಲು ಹೇಳಿದರು. ಓದಿದಳು. ಅವರು ಮತ್ತೂ ಒಮ್ಮೆ ಕೇಳಿದರು.

ಕುರಾಹಾಶಿ ಮೂರು ದಿನ ಇದ್ದು ಇನ್ನೂರ ಹನ್ನೊಂದು ಮನೆಗಳಿಗೂ ಹೋದಳು. ಎಣಿಸುವವರು ಬರುತ್ತಾರೆಂದು ಹೆದರಿದ್ದ ಜನ ಅವಳ ಮುಂದೆ ತಲೆ ಬಾಚಿಕೊಂಡು, ಮಗುವನ್ನೆತ್ತಿಕೊಂಡು, ಆಡಿನ ಹಗ್ಗ ಹಿಡಿದು ಬಾಗಿಲಲ್ಲಿ ನಿಂತರು. ಒಂದು ಮನೆಯಲ್ಲಿ ದೇವೀರಮ್ಮ ಒಲೆಯತ್ತ ಬೆರಳು ತೋರಿಸಿ ಬರೆಯುವ ಪುಸ್ತಕವೊಂದನ್ನು ಮುಂದೆ ಹಿಡಿದಳು. ಕುರಾಹಾಶಿ ಒಂದು ಪದ ಬರೆದುಕೊಟ್ಟಳು. ಆಮೇಲೆ ದಾರಿಯುದ್ದಕ್ಕೂ ಅದೇ ಕೆಲಸ: ತೊಟ್ಟಿಲು, ಸೂಜಿ, ಬೀಸುವ ಕಲ್ಲು, ನೆಂಟಸ್ತಿಕೆಗೆ ಬಂದ ಹುಡುಗಿಯ ನಾಚಿಕೆ. ಹುಣಸೆಗೆ ಮಾತ್ರ ಅವಳೂ ತಡವರಿಸಿದಳು. ಹೊರಡುವಾಗ ದೇವೀರಮ್ಮ, ರಾಕೆಟ್ಟಿನ ದಾರಿ ಬದಲಾಗುತ್ತದೆಯೇ ಎಂದು ಬರೆದು ಕೇಳಿದಳು. ಗೊತ್ತಿಲ್ಲ ಎಂದು ಅವಳು ಬರೆದಳು. ಆಮೇಲೆ, ಪಟ್ಟಣದಿಂದ ಇವತ್ತೇ ತಂತಿ ಕೊಡುತ್ತೇನೆ, ಜಪಾನಿನ ಸಂಸತ್ತಿನಲ್ಲಿ ಪ್ರಶ್ನೆ ಕೇಳಲು ಒಬ್ಬರು ಕಾದಿದ್ದಾರೆ ಎಂದು ಸೇರಿಸಿದಳು.

ಅವಳು ಹೋದ ಮೇಲೆ ನಮಗೆ ಏನೂ ತಿಳಿಯುವ ಹಾಗಿರಲಿಲ್ಲ. ಫೆಬ್ರವರಿ ಹದಿನಾರಕ್ಕೆ ಮಹಬೂಬಿ ಪಟ್ಟಣದಿಂದ ಓಡುತ್ತಾ ಬಂದಳು, ಹಳ್ಳ ದಾಟಿದಳು, ನಿಂತಳು. ಟಪಾಲು ಕಚೇರಿಯಲ್ಲಿ ತಂತಿಯೊಂದನ್ನು ಓದಿ ಹೇಳಿ ಕೈಗೆ ಕೊಟ್ಟಿದ್ದರು, ಹಳ್ಳ ದಾಟುತ್ತಲೇ ಅದು ಬಿಳಿಯಾಗಿತ್ತು.

“ಏನೋ ಹೇಳಿದ್ರಕ್ಕಾ” ಎಂದಳು ದೇವೀರಮ್ಮನ ಕೈ ಹಿಡಿದು. “ನೆಪ್ಪಿಗೆ ಬರ್ತಾ ಇಲ್ಲ. ಆದ್ರೆ ನಾನು ದಾರೀಲಿ ಅಳ್ತಾ ಬಂದಿರಲಿಲ್ಲ, ಅದು ಗೊತ್ತು.”

ಹತ್ತೊಂಬತ್ತರ ಬೆಳಿಗ್ಗೆ ಗುರುಶಾಂತಪ್ಪನವರು ಮಕ್ಕಳನ್ನೂ ಬಾಣಂತಿಯರನ್ನೂ ದನಗಳನ್ನೂ ಗವಿಗೆ ಕರೆದೊಯ್ದರು. ಅದು ಸರಿಯೇ ಎಂದು ದೇವೀರಮ್ಮನೂ ಅಂದಳು. ಉಳಿದವರು ಊರು ಬಿಡಲಿಲ್ಲ. ಇನ್ನೂರ ಹನ್ನೊಂದು ಹೊಗೆಯಲ್ಲಿ ಒಂದೂ ಕಡಿಮೆಯಾಗಬಾರದೆಂದು ಹೋದವರ ಮನೆಗಳ ಒಲೆಯನ್ನೂ ಪಕ್ಕದವರು ಹೊತ್ತಿಸಿದರು. ಮೇಷ್ಟ್ರು ಗವಿಗೆ ಬರುವುದಿಲ್ಲವೆಂದು ಹೇಳಿ ಮಂಡಿಯ ಕಟ್ಟೆಯ ಮೇಲೆ ಬಂದು ಕೂತರು. ನಾವು ಸುತ್ತ ನಿಂತು ದಕ್ಷಿಣಕ್ಕೆ ಮುಖಮಾಡಿದೆವು. ಅದು ಬರಬೇಕಾದದ್ದು ಬೆಟ್ಟದ ಎರಡು ಗೂನುಗಳ ಮಧ್ಯದಿಂದ, ನೇರ ನಮ್ಮ ತಲೆಯ ಮೇಲಕ್ಕೆ. ಸೂರ್ಯ ಇನ್ನೂ ಮೂಡಿರಲಿಲ್ಲ, ಆಕಾಶ ತಿಳಿಯಾಗಿತ್ತು. ಯಾರೋ ಮೊದಲು ಕಂಡು ಕೈ ತೋರಿಸಿದರು. ಒಂದು ಬೆಳ್ಳನೆಯ ಎಳೆ, ಸೂಜಿಯ ತುದಿಯಷ್ಟು ಹೊಳಪು.

“ಓದಮ್ಮ” ಎಂದರು ಮೇಷ್ಟ್ರು.

ದೇವೀರಮ್ಮ ಅವರ ಪಕ್ಕ ನಿಂತು ಕಂಡದ್ದನ್ನು ಕಂಡ ಹಾಗೆ ಹೇಳತೊಡಗಿದಳು. ದಕ್ಷಿಣದಲ್ಲಿದೆ, ಮೇಲೇರುತ್ತಿದೆ. ಎಡಗೂನಿನ ತುದಿಗೆ ಬಂದಿದೆ. ಅಲ್ಲಿ ಅವಳು ತಡೆದಳು. ಎಳೆ ಗೂನುಗಳ ಮಧ್ಯಕ್ಕೆ ಬರಲಿಲ್ಲ. ಎಡಗೂನಿನ ಆಚೆಯೇ ಮೂಡಣಕ್ಕೆ ಬಾಗಿತು, ಬಾಗುತ್ತಾ ಬಾಗುತ್ತಾ ದೂರದ ಸಮುದ್ರದ ದಿಕ್ಕಿಗೆ ತಿರುಗಿತು. ಸೂರ್ಯನ ಬೆಳಕು ತಾಗಿ ಆ ಬಾಗಿದ ಗೆರೆ ಕೆಂಪಾಯಿತು.

“ಬಳಸ್ಕೊಂಡು ಹೋಯ್ತು ಮೇಷ್ಟ್ರೇ” ಎಂದಳು. “ನಮ್ಮೂರ ಬಳಸ್ಕೊಂಡು ಹೋಯ್ತು.”

ಮೇಷ್ಟ್ರು ತಲೆಯಾಡಿಸಿದರು. ಎಷ್ಟು ದೂರಕ್ಕೆ ಬಳಸಿತು ಎಂದು ಕೇಳಿದರು. ಅಳತೆ ಗೊತ್ತಿಲ್ಲ, ಬಹಳ ದೂರಕ್ಕೆ ಎಂದಳು ದೇವೀರಮ್ಮ. ಗವಿಯ ಕಡೆಯ ದಾರಿಯಲ್ಲಿ ಗುರುಶಾಂತಪ್ಪನವರು ಮಕ್ಕಳನ್ನು ಮುಂದೆ ಬಿಟ್ಟುಕೊಂಡು, ರುಮಾಲು ಬಿಚ್ಚಿ ಬೀಸುತ್ತಾ ಬರುತ್ತಿದ್ದರು. ಆಕಾಶದ ಗೆರೆ ಇನ್ನೂ ಪೂರ್ತಿ ಅಳಿಸಿರಲಿಲ್ಲ. ಅದು ಅಳಿಸುವವರೆಗೂ ಊರಿನವರು ತಲೆಯೆತ್ತಿ ನೋಡುತ್ತಾ ನಿಂತಿದ್ದೆವು, ಯಾರಿಗೂ ಕೆಲಸಕ್ಕೆ ಹೋಗುವ ಮನಸ್ಸಾಗಲಿಲ್ಲ.